ಕ್ಲಿಯೋಪಾತ್ರಳ ಮಕ್ಕಳು ಏನಾದ್ರು?

(ಲೈಬ್ರರಿ ಹಾಲ್‌ನಲ್ಲಿ ಕೊಟ್ಟ ಉಪನ್ಯಾಸದ ಬರಹ ರೂಪ. ಮಾತಾಡಿದ ಹಾಗೇ ಬಿಟ್ಟಿದ್ದೀನಿ, ಜಾಸ್ತಿ ತಿದ್ದಿಲ್ಲ. ಕೊನೇಲಿ ಕೇಳಿದ ಪ್ರಶ್ನೆಗಳಲ್ಲಿ ಎರಡನ್ನ ಸೇರಿಸಿದ್ದೀನಿ.)

ಎಲ್ರಿಗೂ ನಮಸ್ಕಾರ. ನೇರ ವಿಷಯಕ್ಕೇ ಬರ್ತೀನಿ.

ಕ್ರಿ.ಪೂ. 30ನೇ ಇಸವಿ, ಈಜಿಪ್ಟಿನ ಅಲೆಕ್ಸಾಂಡ್ರಿಯಾ. ರೋಮಿನ ಸೈನ್ಯ ಇವತ್ತೋ ನಾಳೆಯೋ ಊರೊಳಗೆ ನುಗ್ಗುತ್ತೆ ಅನ್ನೋ ಪರಿಸ್ಥಿತಿ. ಆಗ ರಾಣಿ ಕ್ಲಿಯೋಪಾತ್ರ ತನ್ನ ಹಿರೀ ಮಗನನ್ನ, ಸುಮಾರು 17 ವರ್ಷದ ಹುಡುಗನನ್ನ, ಬೇಕಾದಷ್ಟು ಹಣ ಒಡವೆ ಕಟ್ಟಿಕೊಟ್ಟು ದೂರ ಕಳಿಸಿಬಿಡ್ತಾಳೆ. ಎಲ್ಲಿಗೆ ಅಂದ್ರೆ ಇಂಡಿಯಾಕ್ಕೆ! ಇಥಿಯೋಪಿಯಾ ದಾರಿಯಾಗಿ ಇಂಡಿಯಾಕ್ಕೆ ಅಂತ ಪ್ಲೂಟಾರ್ಕ್ ಅನ್ನೋ ಹಳೇ ಕಾಲದ ಗ್ರೀಕ್ ಬರಹಗಾರ ಬರೆದಿದ್ದಾನೆ. ಆ ಹುಡುಗ ಇಂಡಿಯಾ ಮುಟ್ಟಲೇ ಇಲ್ಲ. ಅವನನ್ನ ಬಿಟ್ರೆ ರಾಣಿಗೆ ಇನ್ನೂ ಮೂರು ಮಕ್ಕಳು, 10 ವರ್ಷದ ಅವಳಿ ಜವಳಿ, ಒಂದು ಗಂಡು ಒಂದು ಹೆಣ್ಣು, ಆಮೇಲೆ 6 ವರ್ಷದ ಒಬ್ಬ ಪುಟ್ಟ. ನಾನಿವತ್ತು ಮಾತಾಡೋದು ಈ ನಾಲ್ಕು ಜನರ ಬಗ್ಗೆ. ಕ್ಲಿಯೋಪಾತ್ರ ಹಾವು ಕಚ್ಚಿಸಿಕೊಂಡ್ಲೋ ವಿಷ ಕುಡಿದ್ಲೋ ಅನ್ನೋದರ ಬಗ್ಗೆ ಬೇಕಾದಷ್ಟು ಜನ ಮಾತಾಡಿದ್ದಾರೆ, ಅದನ್ನ ಪಕ್ಕಕ್ಕಿಡೋಣ.

ನಾನು ಹೇಳೋಕೆ ಹೊರಟಿರೋದು ಇಷ್ಟು. ಆ ಮಕ್ಕಳಲ್ಲಿ ಯಾರು ಉಳೀಬೇಕು ಯಾರು ಸಾಯಬೇಕು ಅಂತ ನಿರ್ಧಾರ ಮಾಡಿದ್ದು ಅವರಪ್ಪ ಯಾರು, ಅವರ ವಯಸ್ಸೆಷ್ಟು ಅನ್ನೋ ಎರಡೇ ಲೆಕ್ಕ. ಅವರು ಏನು ಮಾಡಿದ್ರು ಅನ್ನೋದಲ್ಲ, ಯಾಕಂದ್ರೆ ಅವರು ಏನೂ ಮಾಡಿರಲೇ ಇಲ್ಲ. ಇನ್ನೊಂದು, ಉಳಿದವರಲ್ಲಿ ಆ ಹುಡುಗಿ ಇದ್ದಾಳಲ್ಲ, ಅವಳು ತನ್ನ ಅಮ್ಮನ ಮನೆತನವನ್ನ ಸುಮ್ಮನೆ ಅಳಿದು ಹೋಗೋಕೆ ಬಿಡ್ಲಿಲ್ಲ.

ಮೊದಲು ಮನೆತನದ ಬಗ್ಗೆ ಸ್ವಲ್ಪ. ಕ್ಲಿಯೋಪಾತ್ರಳ ವಂಶ ಮೂಲದಲ್ಲಿ ಈಜಿಪ್ಟಿನದಲ್ಲ, ಮ್ಯಾಸಿಡೋನಿಯಾದ ಗ್ರೀಕರು. ಅಲೆಕ್ಸಾಂಡರ್ ಕ್ರಿ.ಪೂ. 323ರಲ್ಲಿ ಸತ್ತ ಮೇಲೆ ಅವನ ಸೇನಾಪತಿ ಟಾಲೆಮಿ ಈಜಿಪ್ಟನ್ನ ಹಿಡ್ಕೊಂಡ, ಹೆಚ್ಚುಕಮ್ಮಿ 300 ವರ್ಷ ಅವನ ಮನೆತನವೇ ಆಳಿತು. ಈ ಮನೇಲಿ ಒಡಹುಟ್ಟಿದವರೇ ಒಬ್ಬರಿಗೊಬ್ಬರು ಶತ್ರುಗಳು. ಕ್ಲಿಯೋಪಾತ್ರಳ ಅಕ್ಕ ಬೆರೆನೀಸ್‌ನ ಸ್ವಂತ ಅಪ್ಪನೇ ಕೊಲ್ಲಿಸಿದ. ಒಬ್ಬ ತಮ್ಮ ಅವಳ ಮೇಲೇ ಯುದ್ಧಕ್ಕೆ ಬಂದು ನೈಲ್ ನದೀಲಿ ಮುಳುಗಿ ಸತ್ತ. ಇನ್ನೊಬ್ಬ ತಮ್ಮ ಕ್ರಿ.ಪೂ. 44ರಲ್ಲಿ ತೀರಿಕೊಂಡ, ಅವಳೇ ವಿಷ ಹಾಕಿಸಿದ್ಲು ಅಂತ ಆಗಿನ ಕಾಲದಿಂದಲೂ ಮಾತಿದೆ. ತಂಗಿ ಆರ್ಸಿನೋಯಿ ಎಫಿಸಸ್‌ನ ದೇವಸ್ಥಾನದಲ್ಲಿ ಆಶ್ರಯ ಪಡೆದಿದ್ದಾಗ, ಕ್ಲಿಯೋಪಾತ್ರ ಕೇಳಿಕೊಂಡ್ಲು ಅಂತ ರೋಮಿನ ಸೇನಾಪತಿ ಆಂಟನಿ ಅವಳನ್ನ ಕೊಲ್ಲಿಸಿದ. ಇದನ್ನ ಮುಚ್ಚಿಟ್ಟು ಕ್ಲಿಯೋಪಾತ್ರಳನ್ನ ಬರೀ ಪಾಪದ ತಾಯಿ ಅಂತ ತೋರಿಸೋದು ಸರಿಯಲ್ಲ. ಸಿಂಹಾಸನಕ್ಕೆ ಹಕ್ಕು ಇರೋ ಒಂದು ಜೀವ ಉಳಿದ್ರೆ ಗೆದ್ದವನಿಗೆ ನಿದ್ದೆ ಬರಲ್ಲ ಅನ್ನೋದು ಅವಳಿಗೆ ಯಾರೂ ಹೇಳಿಕೊಡಬೇಕಿರ್ಲಿಲ್ಲ, ಅದಕ್ಕೇ ಹಿರೀ ಮಗನನ್ನ ಅಷ್ಟು ದೂರ ಕಳಿಸಿದ್ದು.

ಆ ಹಿರೀ ಮಗ ಯಾರು ಅಂದ್ರೆ ಜೂಲಿಯಸ್ ಸೀಸರ್‌ನ ಮಗ. ಹುಟ್ಟಿದ್ದು ಕ್ರಿ.ಪೂ. 47ರಲ್ಲಿ. ರಾಜನಾಗಿ ಹೆಸರು ಟಾಲೆಮಿ ಸೀಸರ್, ಅಲೆಕ್ಸಾಂಡ್ರಿಯಾದ ಜನ ಕರೀತಿದ್ದದ್ದು ಸೀಸರಿಯಾನ್ ಅಂತ, ಅಂದ್ರೆ ಪುಟ್ಟ ಸೀಸರ್. ಇವನು ನಿಜವಾಗ್ಲೂ ಸೀಸರ್ ಮಗನಾ ಅಂತ ರೋಮಿನಲ್ಲಿ ಆಗಲೇ ಜಗಳ ಇತ್ತು, ಸೀಸರ್‌ನ ಉಯಿಲಿನಲ್ಲಿ ಇವನ ಹೆಸರೇ ಇಲ್ಲ, ಅದರಲ್ಲಿ ದತ್ತು ಮಗ ಅಂತ ಬರೆದಿದ್ದು ಅಕ್ಕನ ಮಗಳ ಮಗ ಆಕ್ಟೇವಿಯನ್‌ನ. ಕ್ರಿ.ಪೂ. 44ರ ಮಾರ್ಚ್ 15ಕ್ಕೆ ಸೀಸರ್ ಕೊಲೆಯಾದಾಗ ಕ್ಲಿಯೋಪಾತ್ರ ರೋಮಿನಲ್ಲೇ ಟೈಬರ್ ನದಿಯಾಚೆ ಸೀಸರ್‌ಗೆ ಸೇರಿದ ತೋಟದ ಮನೇಲಿದ್ಲು. ಅಲ್ಲಿಂದ ವಾಪಸ್ ಬಂದು, ಇನ್ನೂ 3 ವರ್ಷದ ಮಗನನ್ನ ತನ್ನ ಜೊತೆ ರಾಜ ಅಂತ ಕೂರಿಸಿದ್ಲು. ಡೆಂಡೆರಾ ಅಂತ ಒಂದು ಊರಿದೆ ಮೇಲಿನ ಈಜಿಪ್ಟಿನಲ್ಲಿ, ಅಲ್ಲಿ ಹಾಥೋರ್ ದೇವಿ ಗುಡಿಯ ಹಿಂದಿನ ಗೋಡೆ ಮೇಲೆ ತಾಯಿ ಮಗ ಇಬ್ಬರನ್ನೂ ಭಾರೀ ದೊಡ್ಡದಾಗಿ ಕೆತ್ತಿದ್ದಾರೆ, ಮುಂದೆ ಮಗ ಕಿರೀಟ ಹಾಕಿಕೊಂಡು ದೇವರಿಗೆ ಧೂಪ ಹಾಕ್ತಿದ್ದಾನೆ, ಹಿಂದೆ ತಾಯಿ. ಕೆತ್ತನೇಲಿ ಅವನು ಬೆಳೆದ ಗಂಡಸಿನ ಹಾಗೆ ಕಾಣ್ತಾನೆ. ನಿಜದಲ್ಲಿ ಆಗ ಚಿಕ್ಕ ಹುಡುಗ.

ಆಮೇಲೆ ಆಂಟನಿ ಬಂದ. ಕ್ರಿ.ಪೂ. 41ರಲ್ಲಿ ಟಾರ್ಸಸ್‌ನಲ್ಲಿ ಭೇಟಿ, ಮುಂದಿನ ವರ್ಷ ಅವಳಿ ಮಕ್ಕಳು. ಮಕ್ಕಳು ಹುಟ್ಟೋ ಹೊತ್ತಿಗೆ ಅಪ್ಪ ಅಲ್ಲಿರಲೇ ಇಲ್ಲ, ರೋಮಿಗೆ ಹೋಗಿ ರಾಜಕೀಯಕ್ಕೋಸ್ಕರ ಆಕ್ಟೇವಿಯನ್‌ನ ಅಕ್ಕ ಆಕ್ಟೇವಿಯಾಳನ್ನ ಮದುವೆ ಆದ. ಮಕ್ಕಳನ್ನ ಮೊದಲ ಸಲ ನೋಡಿದ್ದು ಕ್ರಿ.ಪೂ. 37ರಲ್ಲಿ ಆಂಟಿಯಾಕ್‌ನಲ್ಲಿ, ಆಗ ಅವಕ್ಕೆ 3 ವರ್ಷ. ಆಗ್ಲೇ ಹುಡುಗನಿಗೆ ಅಲೆಕ್ಸಾಂಡರ್ ಹೀಲಿಯೋಸ್, ಹುಡುಗಿಗೆ ಕ್ಲಿಯೋಪಾತ್ರ ಸೆಲೀನಿ ಅಂತ ಆಯ್ತು, ಸೂರ್ಯ ಚಂದ್ರರ ಹೆಸರು. ಮರುವರ್ಷ ಮೂರನೆಯವನು ಹುಟ್ಟಿದ, ಟಾಲೆಮಿ ಫಿಲಡೆಲ್ಫಸ್.

ಈ ಅವಳಿಗಳದ್ದೇ ಇರಬಹುದು ಅನ್ನೋ ಒಂದು ಕಲ್ಲಿನ ಶಿಲ್ಪ ಕೈರೋ ಮ್ಯೂಸಿಯಂನಲ್ಲಿದೆ. 1918ರಲ್ಲಿ ಅದೇ ಡೆಂಡೆರಾ ಗುಡಿ ಹತ್ರ ಸಿಕ್ಕಿದ್ದು, ಇದು ಯಾರ ಶಿಲ್ಪ ಅಂತ ಯಾರೂ ಅಷ್ಟಾಗಿ ತಲೆ ಕೆಡಿಸಿಕೊಂಡಿರ್ಲಿಲ್ಲ, 2012ರ ಸುಮಾರಿಗೆ ಇಟಲಿಯ ಒಬ್ಬ ಈಜಿಪ್ಟ್ ತಜ್ಞೆ ಇದು ಹೀಲಿಯೋಸ್ ಸೆಲೀನಿ ಅಂತ ವಾದ ಮಂಡಿಸಿದ್ರು. ಒಂದು ಹುಡುಗ ಒಂದು ಹುಡುಗಿ, ಒಬ್ಬರ ಹೆಗಲ ಮೇಲೆ ಒಬ್ಬರು ಕೈ ಹಾಕಿ ತಬ್ಬಿ ನಿಂತಿದ್ದಾರೆ, ಸುತ್ತ ಹಾವುಗಳ ಸುರುಳಿ, ಹುಡುಗನ ತಲೆ ಮೇಲೆ ಸೂರ್ಯನ ಬಿಂಬ, ಹುಡುಗಿ ತಲೆ ಮೇಲೆ ಚಂದ್ರ. ಮುಖಗಳು ಸವೆದು ಹೋಗಿವೆ. ಫೋಟೋ ಸಿಗುತ್ತೆ, ಹುಡುಕಿ ನೋಡಿ.

ಈಗ ಕ್ರಿ.ಪೂ. 34ಕ್ಕೆ ಬರೋಣ, ಇಲ್ಲಿ ಸ್ವಲ್ಪ ನಿಲ್ಲಬೇಕು, ಯಾಕಂದ್ರೆ ಮಕ್ಕಳ ಹಣೆಬರಹ ಬರೆದದ್ದು ಆ ಒಂದು ದಿನ. ಅಲೆಕ್ಸಾಂಡ್ರಿಯಾದ ಜಿಮ್ನೇಷಿಯಂ, ಅಂದ್ರೆ ಗ್ರೀಕರು ವ್ಯಾಯಾಮ, ಪಾಠ, ಸಭೆ ಎಲ್ಲ ನಡೆಸ್ತಿದ್ದ ದೊಡ್ಡ ಜಾಗ, ಅಲ್ಲಿ ಬೆಳ್ಳಿಯ ವೇದಿಕೆ, ಅದರ ಮೇಲೆ ಆಂಟನಿಗೆ ಕ್ಲಿಯೋಪಾತ್ರಳಿಗೆ ಬಂಗಾರದ ಸಿಂಹಾಸನ, ಮಕ್ಕಳಿಗೆ ಕೆಳಗಡೆ ಬೇರೆ ಬೇರೆ ಆಸನ. ಆಂಟನಿ ಎದ್ದು ನಿಂತು ಪೂರ್ವದ ದೇಶಗಳನ್ನೆಲ್ಲ ಮಕ್ಕಳಿಗೆ ಹಂಚಿದ. 13 ವರ್ಷದ ಸೀಸರಿಯಾನ್ ಜೂಲಿಯಸ್ ಸೀಸರ್‌ನ ನಿಜವಾದ ಮಗ ಅಂತ ಎಲ್ಲರೆದುರು ಘೋಷಣೆ, ರಾಜಾಧಿರಾಜ ಅನ್ನೋ ಬಿರುದು. 6 ವರ್ಷದ ಅಲೆಕ್ಸಾಂಡರ್‌ಗೆ ಆರ್ಮೇನಿಯಾ, ಈಗಿನ ಇರಾನ್ ಕಡೆಯ ಮೀಡಿಯಾ, ಪಾರ್ಥಿಯಾ ದೇಶಗಳು, ಇದರಲ್ಲಿ ಪಾರ್ಥಿಯಾವನ್ನ ಆಂಟನಿ ಗೆದ್ದೇ ಇರ್ಲಿಲ್ಲ, ಗೆಲ್ಲೋಕೆ ಹೋಗಿ ಸಾವಿರಾರು ಸೈನಿಕರನ್ನ ಕಳ್ಕೊಂಡು ಬಂದಿದ್ದ. ಡಿಯೋ ಅನ್ನೋ ಇತಿಹಾಸಕಾರ ಇನ್ನೂ ಮುಂದೆ ಹೋಗಿ, ಯೂಫ್ರಟಿಸ್ ನದಿಯಾಚೆಗೆ ಇಂಡಿಯಾದವರೆಗೂ ಈ ಹುಡುಗನಿಗೆ ಬರೆದುಕೊಟ್ಟ ಅಂತಾನೆ! 6 ವರ್ಷದ ಹುಡುಗ. 2 ವರ್ಷದ ಟಾಲೆಮಿಗೆ ಸಿರಿಯಾ, ಫಿನೀಷಿಯಾ, ಸಿಲಿಸಿಯಾ. ಸೆಲೀನಿಗೆ ಲಿಬಿಯಾ ಕಡೆಯ ಸೈರೀನ್ ಪ್ರದೇಶ.

ಬಟ್ಟೆ ಬಗ್ಗೆ ಪ್ಲೂಟಾರ್ಕ್ ಹೇಳೋದನ್ನ ಕೇಳಿದ್ರೆ ಕಣ್ಣಿಗೆ ಕಟ್ಟುತ್ತೆ. ಅಲೆಕ್ಸಾಂಡರ್‌ಗೆ ಮೀಡಿಯಾ ದೇಶದ ರಾಜರ ಉಡುಪು, ತಲೆ ಮೇಲೆ ನೆಟ್ಟಗೆ ನಿಲ್ಲೋ ಎತ್ತರದ ರಾಜಟೋಪಿ. ಪುಟ್ಟ ಟಾಲೆಮಿಗೆ ಬೂಟು, ಗಿಡ್ಡ ಮೇಲಂಗಿ, ಅಗಲ ಟೋಪಿ ಅದರ ಮೇಲೆ ರಾಜಪಟ್ಟಿ, ಅಲೆಕ್ಸಾಂಡರ್ ಚಕ್ರವರ್ತಿ ನಂತರದ ಮ್ಯಾಸಿಡೋನಿಯಾ ರಾಜರ ವೇಷ. ಮಕ್ಕಳು ಅಪ್ಪ ಅಮ್ಮಂಗೆ ನಮಸ್ಕಾರ ಮಾಡಿದ್ಮೇಲೆ ಒಬ್ಬನಿಗೆ ಆರ್ಮೇನಿಯನ್ ಅಂಗರಕ್ಷಕರು, ಇನ್ನೊಬ್ಬನಿಗೆ ಮ್ಯಾಸಿಡೋನಿಯನ್ ಅಂಗರಕ್ಷಕರು ಸುತ್ತ ಬಂದು ನಿಂತ್ರಂತೆ. 2 ವರ್ಷದ ಮಗು ಅಷ್ಟು ಹೊತ್ತು ಬೂಟು ಟೋಪಿ ಹಾಕ್ಕೊಂಡು ಹೇಗೆ ಕೂತಿತ್ತೋ, ಮಕ್ಕಳನ್ನ ಸಾಕಿದವರಿಗೆ ಗೊತ್ತು.

ಈ ಸಮಾರಂಭದಲ್ಲಿ ರೋಮಿಗೆ ಹೆಚ್ಚು ಸಿಟ್ಟು ಬಂದಿದ್ದು ಭೂಮಿ ಹಂಚಿದ್ದಕ್ಕೆ ಅಂತ ಸಾಮಾನ್ಯವಾಗಿ ಹೇಳ್ತಾರೆ. ನನ್ನ ಪ್ರಕಾರ ಆಕ್ಟೇವಿಯನ್‌ಗೆ ನಿಜವಾಗಿ ಚುಚ್ಚಿದ್ದು ಸೀಸರಿಯಾನ್ ಬಗ್ಗೆ ಹೇಳಿದ ಆ ಒಂದು ಮಾತು. ಯೋಚನೆ ಮಾಡಿ, ಸೀಸರ್ ಸತ್ತಾಗ ಆಕ್ಟೇವಿಯನ್‌ಗೆ ಬರೀ 18 ವರ್ಷ. ಹೇಳಿಕೊಳ್ಳೋಕೆ ಸ್ವಂತ ಸೈನ್ಯ ಇಲ್ಲ, ಗೆದ್ದ ಯುದ್ಧ ಇಲ್ಲ, ಇದ್ದಿದ್ದು ಸೀಸರ್ ಅನ್ನೋ ದತ್ತು ಹೆಸರು ಮಾತ್ರ. ಆ ಹೆಸರು ಕೇಳಿ ಹಳೇ ಸೈನಿಕರು ಅವನ ಹಿಂದೆ ಬಂದ್ರು. 18ರ ಹುಡುಗ ಆ ಹೆಸರಿಟ್ಟುಕೊಂಡು ಏನೇನು ಮಾಡಬಹುದು ಅಂತ ಪ್ರಪಂಚದಲ್ಲಿ ಬೇರೆ ಯಾರಿಗೂ ಗೊತ್ತಿಲ್ಲದಷ್ಟು ಅವನಿಗೆ ಗೊತ್ತಿತ್ತು. ಈಗ ಅಲೆಕ್ಸಾಂಡ್ರಿಯಾದಲ್ಲಿ ಅದೇ ಹೆಸರಿನ ಇನ್ನೊಬ್ಬ ಹುಡುಗ ಬೆಳೀತಿದ್ದಾನೆ, ದತ್ತು ಅಲ್ಲ, ರಕ್ತ ಸಂಬಂಧ. ಹೊಟ್ಟೆ ಒಳಗೆ ಬೆಂಕಿ ಬೀಳದೆ ಇರುತ್ತಾ?

ಯುದ್ಧದ ಕಥೆ ಬೇಗ ಮುಗಿಸ್ತೀನಿ. ಆಂಟನಿ ಕ್ಲಿಯೋಪಾತ್ರ ಇಬ್ಬರೂ ಕ್ರಿ.ಪೂ. 31ರ ಸೆಪ್ಟೆಂಬರ್ 2ರಂದು ಗ್ರೀಸ್ ಕರಾವಳಿಯ ಆಕ್ಟಿಯಂನಲ್ಲಿ ಆಕ್ಟೇವಿಯನ್ ಕೈಲಿ ಸೋತ್ರು, ಮುಂದಿನ ವರ್ಷ ಆಗಸ್ಟ್ 1ಕ್ಕೆ ಆಕ್ಟೇವಿಯನ್ ಅಲೆಕ್ಸಾಂಡ್ರಿಯಾ ಒಳಗೆ ಬಂದ, ಆಂಟನಿ ಕತ್ತಿಯಿಂದ ಚುಚ್ಚಿಕೊಂಡು ಸತ್ತ, ಕೆಲವೇ ದಿನಕ್ಕೆ ಕ್ಲಿಯೋಪಾತ್ರಳೂ ಸತ್ತಳು.

ಆದ್ರೆ ಇದರ ನಡುವೆ ಒಂದು ಘಟನೆ ಆಯ್ತು, ಅದನ್ನ ಹೇಳಲೇಬೇಕು. ಸೋತು ಬಂದ ಮೇಲೆ ಆ ಕೊನೇ ದಿನಗಳಲ್ಲಿ ಅರಮನೇಲಿ ಒಂದು ದೊಡ್ಡ ಸಮಾರಂಭ ಮಾಡಿದ್ರು. ಸೀಸರಿಯಾನ್‌ನ ವಯಸ್ಕರ ಪಟ್ಟಿಗೆ ಸೇರಿಸಿದ್ರು, ಅವನ ಜೊತೆಗೆ ಆಂಟನಿಯ ಇನ್ನೊಬ್ಬ ಮಗ ಆಂಟಿಲಸ್‌ಗೆ ರೋಮನ್ ಗಂಡಸರ ಟೋಗಾ ಹಾಕಿಸಿದ್ರು, ಊರಿಗೆಲ್ಲ ದಿನಗಟ್ಟಲೆ ಊಟ. ನಮಗೇನಾದ್ರೂ ಆದ್ರೆ ನಿಮಗೆ ಬೆಳೆದ ರಾಜ ಇದ್ದಾನೆ ಅಂತ ಜನಕ್ಕೆ ಧೈರ್ಯ ತುಂಬೋಕೆ ಮಾಡಿದ್ದು. ಅದೇ ಆ ಇಬ್ಬರು ಹುಡುಗರಿಗೆ ಮುಳುವಾಯ್ತು ಅಂತಾನೆ ಡಿಯೋ, ಇವರು ಮಕ್ಕಳಲ್ಲ ಗಂಡಸರು ಅನ್ನೋ ನೆಪ ಆಕ್ಟೇವಿಯನ್‌ಗೆ ಸಿಕ್ತು. ಒಂದು ವರ್ಷ ಆ ಸಮಾರಂಭ ಮುಂದೆ ಹಾಕಿದ್ರೂ ಸೀಸರಿಯಾನ್ ಉಳೀತಿರ್ಲಿಲ್ಲ ಅಂತ ನನಗೆ ಅನ್ಸುತ್ತೆ, ಆದ್ರೆ ಆಂಟಿಲಸ್ ಬಹುಶಃ ಉಳೀತಿದ್ದ.

ಆಂಟಿಲಸ್ ಕ್ಲಿಯೋಪಾತ್ರಳ ಹೊಟ್ಟೇಲಿ ಹುಟ್ಟಿದವನಲ್ಲ, ಆಂಟನಿಯ ಹಿಂದಿನ ಹೆಂಡತಿ ಫುಲ್ವಿಯಾಳ ಮಗ, ಆದ್ರೂ ಅಪ್ಪನ ಜೊತೆ ಅಲೆಕ್ಸಾಂಡ್ರಿಯಾದಲ್ಲಿ ಇದ್ದವನು. ಇವನ ಬಗ್ಗೆ ಒಂದು ಚಿಕ್ಕ ಕಥೆ ಇದೆ, ಪ್ಲೂಟಾರ್ಕ್‌ಗೆ ಅವನ ತಾತನ ಕಡೆಯಿಂದ ಬಂದದ್ದು, ತಾತನಿಗೆ ಫಿಲೋಟಸ್ ಅನ್ನೋ ವೈದ್ಯ ಸ್ವತಃ ಹೇಳಿದ್ದು. ಫಿಲೋಟಸ್ ಆಗ ಅಲೆಕ್ಸಾಂಡ್ರಿಯಾದಲ್ಲಿ ವೈದ್ಯ ಓದ್ತಿದ್ದ. ಆಂಟಿಲಸ್ ಮನೆ ಊಟಕ್ಕೆ ಹೋಗಿದ್ದಾಗ ಅಲ್ಲಿ ಒಬ್ಬ ಬಾಯಿಬಡುಕನ ಬಾಯಿಯನ್ನ ಒಂದೇ ಮಾತಲ್ಲಿ ಮುಚ್ಚಿಸಿಬಿಟ್ಟ. ಹುಡುಗನಿಗೆ ಎಷ್ಟು ಖುಷಿ ಆಯ್ತು ಅಂದ್ರೆ, ಟೇಬಲ್ ಮೇಲಿದ್ದ ದೊಡ್ಡ ದೊಡ್ಡ ಬಟ್ಟಲುಗಳನ್ನ ತೋರಿಸಿ ಇದೆಲ್ಲ ನಿನಗೇ ಅಂದ. ಸಣ್ಣ ಹುಡುಗ, ಸುಮ್ಮನೆ ಹೇಳ್ತಿದ್ದಾನೆ ಅಂತ ಫಿಲೋಟಸ್ ಮನೆಗೆ ಹೋದ. ಸ್ವಲ್ಪ ಹೊತ್ತಿಗೆ ಆಳೊಬ್ಬ ಚೀಲದ ತುಂಬ ಅವೇ ಬಟ್ಟಲು ಹೊತ್ತು ತಂದ! ಇವನು ಹೆದರಿ ಬೇಡ ಅಂದ್ರೆ ಆಳು ಹೇಳಿದನಂತೆ, ತಗೊಳ್ಳಿ, ಕೊಡ್ತಿರೋದು ಆಂಟನಿ ಮಗ, ಆದ್ರೆ ನನ್ನ ಮಾತು ಕೇಳಿ ಇದರ ಬದಲು ದುಡ್ಡು ತಗೊಳ್ಳಿ, ಯಾಕಂದ್ರೆ ಇದರಲ್ಲಿ ಹಳೇ ಕಾಲದ ಬೆಲೆಬಾಳೋ ಬಟ್ಟಲೂ ಇವೆ, ಅವರಪ್ಪ ಎಲ್ಲಿ ಅಂತ ಹುಡುಕಿದ್ರೆ ಕಷ್ಟ.

ಇಂಥ ಹುಡುಗ ಸತ್ತಿದ್ದು ಹೇಗೆ? ಪಾಠ ಹೇಳಿಕೊಡ್ತಿದ್ದ ಗುರು ಥಿಯೋಡೋರಸ್ ಅನ್ನೋನೇ ಹಿಡಿದುಕೊಟ್ಟ. ಹುಡುಗ ಓಡಿಹೋಗಿ ಸೀಸರ್‌ನ ಪ್ರತಿಮೆಯನ್ನ ತಬ್ಬಿಕೊಂಡು ನಿಂತ, ದೇವರ ಸಮಾನ ಆದವನ ಪ್ರತಿಮೆ, ಮುಟ್ಟಲ್ಲ ಅನ್ನೋ ನಂಬಿಕೆ, ಅಲ್ಲಿಂದಲೇ ಎಳೆದು ತಂದು ತಲೆ ತೆಗೆದ್ರು. ಹುಡುಗನ ಕತ್ತಿನಲ್ಲಿ ಒಂದು ಅಮೂಲ್ಯ ಹರಳಿತ್ತು, ಅದನ್ನ ಆ ಗುರು ಕದ್ದು ಸೊಂಟಪಟ್ಟಿ ಒಳಗೆ ಹೊಲಿದುಕೊಂಡಿದ್ದ, ಸಿಕ್ಕಿಬಿದ್ದ, ಶಿಲುಬೆಗೆ ಏರಿಸಿದ್ರು.

ಸೀಸರಿಯಾನ್ ಕಥೆಯಲ್ಲೂ ಒಬ್ಬ ಗುರು ಬರ್ತಾನೆ, ರೋಡೋನ್. ಇಂಡಿಯಾ ದಾರಿ ಹಿಡಿದಿದ್ದ ಹುಡುಗನಿಗೆ, ವಾಪಸ್ ನಡಿ, ಆಕ್ಟೇವಿಯನ್ ನಿನ್ನನ್ನ ಕರೆದು ರಾಜ್ಯ ಕೊಡ್ತಾನಂತೆ ಅಂತ ನಂಬಿಸಿದ. ಹುಡುಗ ನಂಬಿದ. ಏನು ಮಾಡೋದು ಅಂತ ಆಕ್ಟೇವಿಯನ್ ಯೋಚಿಸ್ತಿದ್ದಾಗ ಅವನ ಜೊತೆಗಿದ್ದ ಏರಿಯಸ್ ಅನ್ನೋ ತತ್ವಜ್ಞಾನಿ ಒಂದು ಮಾತಂದ, ಸೀಸರ್‌ಗಳು ಬಹಳ ಆಗೋದು ಒಳ್ಳೇದಲ್ಲ ಅಂತ. ಹೋಮರನ ಕಾವ್ಯದ ಒಂದು ಸಾಲನ್ನ ತಿರುಚಿ ಹೇಳಿದ್ದು. ತತ್ವಜ್ಞಾನಿ, ಕಾವ್ಯದ ಸಾಲು, ಮತ್ತೆ ಒಬ್ಬ ಹುಡುಗನ ಕೊಲೆ, ಈ ಮೂರು ಒಂದೇ ವಾಕ್ಯದಲ್ಲಿ ಸೇರಿಕೊಂಡಿರೋದನ್ನ ಓದಿದಾಗೆಲ್ಲ ನನಗೆ ಹೊಟ್ಟೆ ತೊಳಸುತ್ತೆ. ತಾಯಿ ಸತ್ತ ಮೇಲೆ ಸೀಸರಿಯಾನ್‌ನ ಕೊಂದ್ರು. ಟಾಲೆಮಿ ವಂಶದ ಈಜಿಪ್ಟ್ ಅಲ್ಲಿಗೆ ಮುಗೀತು.

ಉಳಿದ ಮೂವರು ಸೀಸರ್ ಮಕ್ಕಳಲ್ಲ, ಆಂಟನಿ ಮಕ್ಕಳು, ಚಿಕ್ಕವರು ಬೇರೆ. ಅವರನ್ನ ಕೊಂದು ಲಾಭ ಇಲ್ಲ, ತೋರಿಸಿದ್ರೆ ಲಾಭ ಇದೆ. ಕ್ರಿ.ಪೂ. 29ರ ಆಗಸ್ಟ್‌ನಲ್ಲಿ ರೋಮಿನಲ್ಲಿ ಮೂರು ದಿನ ವಿಜಯದ ಮೆರವಣಿಗೆ, ಮೂರನೇ ದಿನ ಈಜಿಪ್ಟ್ ಗೆದ್ದದ್ದು. ಕ್ಲಿಯೋಪಾತ್ರ ನನ್ನನ್ನ ಮೆರವಣಿಗೆ ಮಾಡಿಸಿಕೊಳ್ಳೋಕೆ ಬಿಡಲ್ಲ ಅಂತ ಪದೇ ಪದೇ ಹೇಳ್ತಿದ್ಲಂತೆ, ಅದಕ್ಕೇ ಸತ್ತಿದ್ದು. ಅವಳಿಲ್ಲದಿದ್ರೇನು, ಮಂಚದ ಮೇಲೆ ಸತ್ತು ಮಲಗಿರೋ ಅವಳ ಒಂದು ಬೊಂಬೆ ಮಾಡಿಸಿ ಹೊರಿಸಿಕೊಂಡು ಹೋದ್ರು. ಅದರ ಜೊತೆಗೆ ಅಲೆಕ್ಸಾಂಡರ್, ಸೆಲೀನಿ, 11 ವರ್ಷದ ಮಕ್ಕಳು, ಸತ್ತ ಅಮ್ಮನ ಬೊಂಬೆ ಜೊತೆ, ಊರೆಲ್ಲ ನಿಂತು ನೋಡ್ತಿರಬೇಕಾದ್ರೆ ನಡೀಬೇಕು. ಆ ಮಕ್ಕಳಿಗೆ ಹೊರಲಾರದಷ್ಟು ಭಾರದ ಬಂಗಾರದ ಸರಪಳಿ ಹಾಕಿದ್ರು ಅಂತ ಇಂಟರ್ನೆಟ್‌ನಲ್ಲಿ ಓಡಾಡುತ್ತಲ್ಲ, ಡಿಯೋ ಬರಹದಲ್ಲಿ ಅದಿಲ್ಲ. ಸರಪಳಿ ಸೇರಿಸೋ ಅಗತ್ಯವೂ ಇಲ್ಲ, ಇದ್ದದ್ದೇ ಸಾಕಷ್ಟು ಕ್ರೂರವಾಗಿದೆ.

ಆಮೇಲೆ ಮಕ್ಕಳನ್ನ ಸಾಕಿದವಳು ಆಕ್ಟೇವಿಯಾ. ಇವಳ ಬಗ್ಗೆ ಯಾರೂ ಸರಿಯಾಗಿ ಮಾತಾಡಲ್ಲ. ಆಂಟನಿ ಇವಳನ್ನ ಬಿಟ್ಟು ಕ್ಲಿಯೋಪಾತ್ರ ಹತ್ರ ಹೋದವನು, ಕ್ರಿ.ಪೂ. 32ರಲ್ಲಿ ಡೈವೋರ್ಸ್ ಕೊಟ್ಟು ಮನೆಯಿಂದ ಹೊರಗೆ ಹಾಕಿಸಿದವನು. ಅಂಥವನ ಮಕ್ಕಳನ್ನ, ಸವತಿ ಮಕ್ಕಳನ್ನ, ತನ್ನ ಹೆಣ್ಣುಮಕ್ಕಳ ಜೊತೆ, ಫುಲ್ವಿಯಾಳ ಇನ್ನೊಬ್ಬ ಮಗನ ಜೊತೆ ಒಂದೇ ಮನೇಲಿ ಬೆಳೆಸಿದ್ಲು. ತಮ್ಮ ಹೇಳಿದ್ದಕ್ಕೆ ಮಾಡಿದ್ಲು ಅಂತ ಹೇಳಬಹುದು. ಆದ್ರೆ ಹೇಳಿದ್ದಕ್ಕೆ ಮಾಡೋದು ಬೇರೆ, ಅಷ್ಟು ಮಕ್ಕಳಿಗೆ ವರ್ಷಗಟ್ಟಲೆ ಮನೆಯಾಗಿರೋದು ಬೇರೆ.

ಆ ಕಾಲದಲ್ಲಿ ರೋಮಿನ ದೊಡ್ಡ ಮನೆಗಳಲ್ಲಿ ಇಂಥ ಸೋತ ರಾಜರ ಮಕ್ಕಳು ಇನ್ನೂ ಇದ್ರು. ಅದರಲ್ಲಿ ಒಬ್ಬ ಜೂಬಾ. ಅವನಪ್ಪ ಉತ್ತರ ಆಫ್ರಿಕಾದ ನುಮಿಡಿಯಾ ದೇಶದ ರಾಜ, ಸೀಸರ್ ವಿರುದ್ಧ ಯುದ್ಧ ಸೋತು ಸತ್ತ. ಕ್ರಿ.ಪೂ. 46ರಲ್ಲಿ ಸೀಸರ್ ಮಾಡಿದ ಮೆರವಣಿಗೇಲಿ ಈ ಜೂಬಾ ಇನ್ನೂ ಎಳೇ ಮಗು. ಅದೇ ವರ್ಷದ ಮೆರವಣಿಗೆಗಳಲ್ಲಿ ಕ್ಲಿಯೋಪಾತ್ರಳ ತಂಗಿ ಆರ್ಸಿನೋಯಿಯನ್ನೂ ನಡೆಸಿದ್ರು. ಅಂದ್ರೆ ಜೂಬಾ 46ರಲ್ಲಿ ರೋಮ್ ಬೀದೀಲಿ ಪ್ರದರ್ಶನಕ್ಕೆ ಬಂದ ಮಗು, ಸೆಲೀನಿ 29ರಲ್ಲಿ ಬಂದ ಮಗು. ಇಬ್ಬರೂ ರೋಮಿನಲ್ಲೇ ಬೆಳೆದ್ರು, ಕ್ರಿ.ಪೂ. 25ರ ನಂತರದ ಕೆಲವು ವರ್ಷದಲ್ಲಿ ಮದುವೆ ಆದ್ರು. ಆಕ್ಟೇವಿಯನ್ ಅಷ್ಟೊತ್ತಿಗೆ ಅಗಸ್ಟಸ್ ಚಕ್ರವರ್ತಿ, ಜೂಬಾಗೆ ಮಾರಿಟೇನಿಯಾ ರಾಜ್ಯ ಕೊಟ್ಟ, ಈಗಿನ ಅಲ್ಜೀರಿಯಾ ಮೊರಾಕೊಗಳ ಉತ್ತರ ಭಾಗ.

ಇಲ್ಲೇ ಆ ಇಬ್ಬರು ಹುಡುಗರು ಕಥೆಯಿಂದ ಮರೆಯಾಗೋದು. ಡಿಯೋ ಹೇಳೋದು ಒಂದೇ ಮಾತು, ಜೂಬಾ ಮತ್ತು ಸೆಲೀನಿ ಮೇಲಿನ ಪ್ರೀತಿಗೆ ಆಕ್ಟೇವಿಯನ್ ಅಲೆಕ್ಸಾಂಡರ್ ಮತ್ತು ಟಾಲೆಮಿಯ ಪ್ರಾಣ ಉಳಿಸಿದ ಅಂತ. ಅದಾದ್ಮೇಲೆ ಆ ಇಬ್ಬರ ಬಗ್ಗೆ ಒಂದು ಅಕ್ಷರ ಇಲ್ಲ. ಇಂಡಿಯಾವರೆಗೂ ರಾಜ್ಯ ಬರೆಸಿಕೊಂಡಿದ್ದ ಹುಡುಗನಿಗೆ ಒಂದು ಸಮಾಧಿ ಶಾಸನವೂ ಇಲ್ಲ. ಕೆಲವರು ರೋಮಿನಲ್ಲಿ ಜ್ವರಗಿರ ಬಂದು ಸತ್ತಿರಬೇಕು ಅಂತಾರೆ, ಕೆಲವರು ಅಕ್ಕನ ಜೊತೆ ಆಫ್ರಿಕಾಕ್ಕೆ ಹೋಗಿರಬೇಕು ಅಂತಾರೆ, ಗುಟ್ಟಾಗಿ ಕೊಲ್ಲಿಸಿದ್ರು ಅನ್ನೋರೂ ಇದ್ದಾರೆ. ನನಗೆ ಅನ್ಸೋದು, ಬರೆಯೋರಿಗೆ ಅವರಿಂದ ಆಗಬೇಕಾದ ಕೆಲಸ ಮೆರವಣಿಗೆ ಹೊತ್ತಿಗೇ ಮುಗಿದು ಹೋಗಿತ್ತು. ಅಲೆಕ್ಸಾಂಡರ್‌ಗೆ ನಿಶ್ಚಯ ಮಾಡಿದ್ದ ಹುಡುಗಿ, ಮೀಡಿಯಾ ರಾಜನ ಮಗಳು ಐಯೋಟಾಪೆ, ಅವಳನ್ನ ಅವರಪ್ಪನ ಹತ್ರ ವಾಪಸ್ ಕಳಿಸಿದ್ದು ಮಾತ್ರ ದಾಖಲಾಗಿದೆ, ಯಾಕಂದ್ರೆ ಅದು ಎರಡು ರಾಜ್ಯಗಳ ನಡುವಿನ ವ್ಯವಹಾರ.

ಈಗ ಸೆಲೀನಿ. ಗಂಡ ಹೆಂಡತಿ ಸಮುದ್ರ ತೀರದ ತಮ್ಮ ರಾಜಧಾನಿಗೆ ಸಿಸೇರಿಯಾ ಅಂತ ಹೆಸರಿಟ್ರು, ಅಗಸ್ಟಸ್‌ಗೆ ಗೌರವ. ಈಗ ಅಲ್ಜೀರಿಯಾದ ಶೆರ್‌ಶೆಲ್ ಊರು. ಹೆಸರು ರೋಮಿನದು, ಆದ್ರೆ ಅಲ್ಲಿ ಅಗೆದಾಗ ಈಜಿಪ್ಟಿನ ಶಿಲ್ಪಗಳು ಸಿಕ್ಕಿವೆ, ಮೆಂಫಿಸ್‌ನ ಪ್ತಾ ದೇವರ ಮುಖ್ಯ ಅರ್ಚಕನೊಬ್ಬನ ಪ್ರತಿಮೆ ಸಹ, ರೋಮ್ ಈಜಿಪ್ಟನ್ನ ಹಿಡಿದ ಹೊತ್ತಲ್ಲೇ ತೀರಿಕೊಂಡ ಅರ್ಚಕ ಅವನು. ಅಷ್ಟು ದೂರದಿಂದ ಅದು ಅಲ್ಲಿಗೆ ಬಂದಿದ್ದು ಸೆಲೀನಿ ಇಲ್ಲದೆ ಹೇಗೆ ಸಾಧ್ಯ?

ನಾಣ್ಯಗಳನ್ನ ನೋಡಿದ್ರೆ ಇನ್ನೂ ಸ್ಪಷ್ಟ. ಒಂದು ಬೆಳ್ಳಿ ನಾಣ್ಯ ತಗೊಳ್ಳಿ. ಒಂದು ಕಡೆ ಜೂಬಾ ಮುಖ, ಲ್ಯಾಟಿನ್‌ನಲ್ಲಿ ರಾಜ ಜೂಬಾ ಅಂತ. ತಿರುಗಿಸಿದ್ರೆ ಗ್ರೀಕ್ ಅಕ್ಷರದಲ್ಲಿ ರಾಣಿ ಕ್ಲಿಯೋಪಾತ್ರ, ಅದರ ಜೊತೆ ಒಂದು ಮೊಸಳೆ. ಈ ಮೊಸಳೆ ಸುಮ್ಮನೆ ಬಂದಿದ್ದಲ್ಲ. ಅದಕ್ಕೂ ಮುಂಚೆ, ಕ್ರಿ.ಪೂ. 28ರ ಸುಮಾರಿಗೆ, ಆಕ್ಟೇವಿಯನ್ ಒಂದು ನಾಣ್ಯ ಹೊರಡಿಸಿದ್ದ, ಅದರಲ್ಲೂ ಮೊಸಳೆ, ಈಜಿಪ್ಟ್ ವಶವಾಯ್ತು ಅನ್ನೋ ಬರಹ. ರೋಮಿನಲ್ಲಿ ಬೆಳೆದ ಹುಡುಗಿ ಅದನ್ನ ನೋಡದೆ ಇರೋಕೆ ಸಾಧ್ಯವೇ ಇಲ್ಲ. ಅದೇ ಮೊಸಳೇನ ತಗೊಂಡು, ವಶವಾಯ್ತು ಅನ್ನೋ ಜಾಗದಲ್ಲಿ ರಾಣಿ ಕ್ಲಿಯೋಪಾತ್ರ ಅಂತ ಬರೆಸಿದ್ಲು. ಅಮ್ಮನಿಗೂ ಅದೇ ಹೆಸರು ಅಲ್ವಾ. ಅಗಸ್ಟಸ್ ಕೊಟ್ಟ ರಾಜ್ಯದಲ್ಲಿ, ಅಗಸ್ಟಸ್ ಬದುಕಿರುವಾಗಲೇ! ಬೇರೆ ನಾಣ್ಯಗಳಲ್ಲಿ ಐಸಿಸ್ ದೇವಿಯ ಕಿರೀಟ, ಪೂಜೇಲಿ ಅಲ್ಲಾಡಿಸೋ ಸಿಸ್ಟ್ರಂ, ಅರ್ಧಚಂದ್ರ. ಮಗ ಹುಟ್ಟಿದಾಗ ಅವನಿಗೆ ಜೂಬಾ ಅಂತ ಅಪ್ಪನ ಅಜ್ಜನ ಕಡೆ ಹೆಸರು ಇಡ್ಲಿಲ್ಲ, ಟಾಲೆಮಿ ಅಂತ ಇಟ್ರು. ಮುಗಿಸಿಬಿಟ್ವಿ ಅಂತ ರೋಮ್ ಅಂದುಕೊಂಡಿದ್ದ ಮನೆತನದ ಹೆಸರು.

ಜೂಬಾ ಬಗ್ಗೆ ಒಂದು ಮಾತು ಹೇಳಿ ಮುಂದೆ ಹೋಗ್ತೀನಿ, ಇವನು ಭಾರೀ ಓದುಗ, ಹತ್ತಾರು ವಿಷಯದ ಮೇಲೆ ಗ್ರೀಕ್‌ನಲ್ಲಿ ಬರೆದವನು. ಅಟ್ಲಾಸ್ ಬೆಟ್ಟದಲ್ಲಿ ಸಿಕ್ಕ ಒಂದು ಹಾಲು ಸುರಿಸೋ ಗಿಡಕ್ಕೆ ತನ್ನ ವೈದ್ಯ ಯೂಫೋರ್ಬಸ್‌ನ ಹೆಸರಿಟ್ಟ. ನಮ್ಮ ಹೊಲದ ಬೇಲೀಲಿ ಬೆಳೆಯೋ ಕಳ್ಳಿ ಇದೆಯಲ್ಲ, ಸಸ್ಯಶಾಸ್ತ್ರದಲ್ಲಿ ಯೂಫೋರ್ಬಿಯಾ ಅಂತೀವಲ್ಲ, ಆ ಹೆಸರು ಬಂದಿದ್ದು ಕ್ಲಿಯೋಪಾತ್ರಳ ಅಳಿಯನಿಂದ.

ಸೆಲೀನಿ ಸತ್ತಿದ್ದು ಕ್ರಿ.ಪೂ. 5ರ ಸುಮಾರಿಗೆ ಅಂತ ಲೆಕ್ಕ ಹಾಕ್ತಾರೆ. ಹೇಗೆ ಅಂದ್ರೆ, ಕ್ರಿನಾಗೊರಸ್ ಅನ್ನೋ ಗ್ರೀಕ್ ಕವಿಯ ಒಂದು ಚಿಕ್ಕ ಪದ್ಯ ಉಳಿದಿದೆ, ಸಂಜೆ ಹುಟ್ಟಿದ ಚಂದ್ರ ತನ್ನ ಹೆಸರಿನವಳೇ ಸತ್ತಳು ಅಂತ ದುಃಖದಿಂದ ತಾನೂ ಕಪ್ಪಾಯ್ತು ಅಂತ. ಅದು ಚಂದ್ರಗ್ರಹಣ ಆಗಿದ್ದ ರಾತ್ರಿ ಇರಬೇಕು ಅಂತ ಗ್ರಹಣಗಳ ಲೆಕ್ಕ ತೆಗೆದು ಇಸವಿ ಹುಡುಕಿದ್ದಾರೆ. 35ರ ಆಸುಪಾಸು ವಯಸ್ಸು. ಅಲ್ಜೀರಿಯಾದ ಟಿಪಾಜಾ ಹತ್ರ ಗುಡ್ಡದ ಮೇಲೆ ಸುಮಾರು 60 ಮೀಟರ್ ಅಗಲದ ಒಂದು ದುಂಡು ಕಲ್ಲಿನ ಗೋರಿ ಇದೆ, ಅದೇ ಇವರಿಬ್ಬರ ಗೋರಿ ಅಂತ ಹೆಚ್ಚಿನವರು ಒಪ್ಪುತ್ತಾರೆ. ಒಳಗೆ ದೇಹಗಳು ಸಿಕ್ಕಿಲ್ಲ. 1982ರಿಂದ ಟಿಪಾಜಾ ಜೊತೆ ಯುನೆಸ್ಕೋ ಪಟ್ಟಿಯಲ್ಲಿದೆ.

ಅವಳ ಮಗ ಟಾಲೆಮಿ ಅಪ್ಪ ಸತ್ತ ಮೇಲೆ ಕ್ರಿ.ಶ. 23ರಿಂದ ಒಬ್ಬನೇ ಆಳಿದ. ಆಫ್ರಿಕಾದಲ್ಲಿ ಟಕ್ಫಾರಿನಸ್ ಅನ್ನೋನ ದಂಗೆ ಅಡಗಿಸೋಕೆ ರೋಮಿಗೆ ಸಹಾಯ ಮಾಡಿದ, ಸೆನೆಟ್ ದಂತದ ರಾಜದಂಡ, ಕಸೂತಿ ಬಟ್ಟೆ ಕೊಟ್ಟು ಸನ್ಮಾನ ಮಾಡಿತು. ಕ್ರಿ.ಶ. 40ರಲ್ಲಿ ರೋಮಿನ ಚಕ್ರವರ್ತಿ ಕ್ಯಾಲಿಗುಲ ಅವನನ್ನ ಕರೆಸಿಕೊಂಡು ಕೊಲ್ಲಿಸಿದ. ರೋಮಿನ ಬರಹಗಾರ ಸ್ವೆಟೋನಿಯಸ್ ಹೇಳೋದು, ಆಟ ನೋಡೋಕೆ ಬಂದಾಗ ಟಾಲೆಮಿಯ ನೇರಳೆ ಬಣ್ಣದ ಮೇಲಂಗಿ ನೋಡಿ ಜನ ಎಲ್ಲ ಅವನ ಕಡೆ ತಿರುಗಿದ್ರು, ಅದಕ್ಕೆ ಅಂತ. ಡಿಯೋ ಪ್ರಕಾರ ಅವನ ಆಸ್ತಿ ಮೇಲೆ ಕಣ್ಣು. ಇಲ್ಲಿ ಸಂಬಂಧ ನೋಡಿ, ಕ್ಯಾಲಿಗುಲನ ಅಜ್ಜಿ ಆಂಟೋನಿಯಾ ಆಂಟನಿಗೆ ಆಕ್ಟೇವಿಯಾಳಲ್ಲಿ ಹುಟ್ಟಿದ ಮಗಳು, ಸೆಲೀನಿ ಜೊತೆ ಒಂದೇ ಮನೇಲಿ ಬೆಳೆದ ತಂಗಿ. ಅಂದ್ರೆ ಕ್ಯಾಲಿಗುಲ ಕೊಲ್ಲಿಸಿದ್ದು ತನ್ನ ಅಪ್ಪನ ದೊಡ್ಡಮ್ಮನ ಮಗನನ್ನ. ಮಾರಿಟೇನಿಯಾದಲ್ಲಿ ದಂಗೆ ಎದ್ದಿತು, ಆಮೇಲೆ ಮುಂದಿನ ಚಕ್ರವರ್ತಿ ಕ್ಲಾಡಿಯಸ್ ಆ ರಾಜ್ಯವನ್ನ ಎರಡು ಪ್ರಾಂತ್ಯ ಮಾಡಿ ರೋಮಿಗೆ ಸೇರಿಸಿಕೊಂಡ.

ಮಾತು ಇಲ್ಲಿಗೆ ಮುಗಿಸಿದ್ದೆ. ಆಮೇಲಿನ ಎರಡು ಪ್ರಶ್ನೆ.

ಒಬ್ಬ ಅಮ್ಮ ಕೇಳಿದ್ರು, ಆ ಹುಡುಗ ಇಂಡಿಯಾಕ್ಕೆ ಬರೋಕೆ ನಿಜವಾಗ್ಲೂ ಆಗ್ತಿತ್ತಾ, ಹಡಗು ಇತ್ತಾ ಆಗ, ಅಂತ. ಇತ್ತಮ್ಮ. ಕೆಂಪು ಸಮುದ್ರದ ದಡದಲ್ಲಿ ಬೆರೆನೀಕೆ, ಮಯೋಸ್ ಹೋರ್ಮೋಸ್ ಅಂತ ಬಂದರುಗಳಿದ್ವು, ಬೇಸಿಗೆ ಕೊನೇಲಿ ಮುಂಗಾರು ಗಾಳಿ ಹಿಡಿದು ನಮ್ಮ ಪಶ್ಚಿಮ ಕರಾವಳಿಗೆ ಬರ್ತಿದ್ರು. ಟಾಲೆಮಿಗಳ ಕಾಲದಲ್ಲಿ ಹೋಗೋ ಹಡಗು ಕಮ್ಮಿ, ರೋಮ್ ಈಜಿಪ್ಟನ್ನ ಹಿಡಿದ ಮೇಲೆ ಮಯೋಸ್ ಹೋರ್ಮೋಸ್‌ನಿಂದ 120 ಹಡಗು ಇಂಡಿಯಾಕ್ಕೆ ಹೋಗ್ತಿದ್ವು ಅಂತ ಆಗಲೇ ಬದುಕಿದ್ದ ಸ್ಟ್ರೇಬೋ ಬರೆದಿದ್ದಾನೆ. ಬೆರೆನೀಕೆಯಲ್ಲಿ ಅಗೆದಾಗ ನಮ್ಮ ಕಡೆಯ ಕರಿಮೆಣಸು ಕಿಲೋಗಟ್ಟಲೆ ಸಿಕ್ಕಿದೆ, ಇತ್ತೀಚೆಗೆ ಬುದ್ಧನ ಪ್ರತಿಮೆಯೂ ಸಿಕ್ಕಿತು. ಇನ್ನೊಂದು ಹೇಳ್ಬೇಕು, ನಮ್ಮ ಬೆಂಗಳೂರಿನ ಯಶವಂತಪುರದಲ್ಲಿ 1891ರಲ್ಲಿ ರೋಮನ್ ಬೆಳ್ಳಿ ನಾಣ್ಯಗಳ ಒಂದು ನಿಧಿ ಸಿಕ್ಕಿತು, ಚಿತ್ರದುರ್ಗದ ಚಂದ್ರವಳ್ಳಿಯಲ್ಲೂ ರೋಮನ್ ನಾಣ್ಯ ಸಿಕ್ಕಿವೆ, ಅವುಗಳಲ್ಲಿ ಅಗಸ್ಟಸ್‌ನವೂ ಇವೆ. ಹುಡುಗ ಬರ್ಲಿಲ್ಲ, ಅವನನ್ನ ಕೊಲ್ಲಿಸಿದವನ ನಾಣ್ಯ ಬಂತು.

ಇನ್ನೊಬ್ಬ ಸ್ಟೂಡೆಂಟ್ ಕೇಳಿದ್ದು, ವಂಶ ಅಲ್ಲಿಗೆ ಮುಗೀತಾ ಸರ್ ಅಂತ. ಜೂಡಿಯಾದ ಅಧಿಕಾರಿ ಫೆಲಿಕ್ಸ್ ಅನ್ನೋನು ಆಂಟನಿ ಕ್ಲಿಯೋಪಾತ್ರರ ಮೊಮ್ಮಗಳು ಡ್ರುಸಿಲ್ಲಾಳನ್ನ ಮದುವೆ ಆದ ಅಂತ ರೋಮನ್ ಇತಿಹಾಸಕಾರ ಟ್ಯಾಸಿಟಸ್ ಬರೀತಾನೆ, ವಯಸ್ಸು ಲೆಕ್ಕ ಹಾಕಿದ್ರೆ ಮರಿಮಗಳು ಇರಬಹುದು ಅಂತ ಈಗಿನವರು ಹೇಳ್ತಾರೆ. ಅಲ್ಲಿಂದ ಮುಂದೆ ಗಟ್ಟಿ ದಾಖಲೆ ಇಲ್ಲ. ಮೂರನೇ ಶತಮಾನದಲ್ಲಿ ಸಿರಿಯಾದ ಪಾಲ್ಮೈರಾ ರಾಣಿ ಜೆನೋಬಿಯಾ ರೋಮ್ ವಿರುದ್ಧ ಎದ್ದು ಈಜಿಪ್ಟನ್ನೇ ಹಿಡಿದಳು, ತಾನು ಕ್ಲಿಯೋಪಾತ್ರಳ ಸಂತತಿ ಅಂತ ಹೇಳ್ಕೊಂಡಳಂತೆ. ಅದು ನಿಜ ಅನ್ನೋಕೆ ಪುರಾವೆ ಇಲ್ಲಪ್ಪ, ಆದ್ರೆ ಈಜಿಪ್ಟಿನ ಜನರ ಮುಂದೆ ನಿಲ್ಲೋಕೆ ಅವಳಿಗೆ ಆ ಹೆಸರು ಬೇಕಾಯ್ತು. 272ರಲ್ಲಿ ಔರೇಲಿಯನ್ ಚಕ್ರವರ್ತಿ ಅವಳನ್ನ ಸೋಲಿಸಿ ಸೆರೆ ಹಿಡಿದ. ರೋಮಿಗೆ ಒಯ್ದು ಮೆರವಣಿಗೆ ಮಾಡಿಸಿದ್ರು ಅಂತ ಕೆಲವರು ಬರೆದಿದ್ದಾರೆ, ದಾರೀಲೇ ಸತ್ತಳು ಅಂತ ಇನ್ನೊಬ್ಬ.